ಅಣಬೆ: ಪಥ್ಯವೇ, ಔಷಧವೇ?



ಕಳೆದ ಎರಡು ವರುಷಗಳಿಂದ ಶ್ರೀಮಠಕ್ಕೆ ಬರುವ ಪತ್ರಗಳಲ್ಲಿಯೂ ದರ್ಶನಕ್ಕೆ ಬರುವ ಸದ್ಭಕ್ತರ ಮಾತುಗಳಲ್ಲಿಯೂ ಒಂದು ಪ್ರಶ್ನೆ ಪದೇ ಪದೇ ಕೇಳಿಬರುತ್ತಿದೆ. ಅಣಬೆಯ ಪುಡಿಯನ್ನು ಸೇವಿಸಿದರೆ ರೋಗನಿರೋಧಕ ಶಕ್ತಿ ಹೆಚ್ಚುವದೆಂಬುದು ನಿಜವೇ? ಅದರಿಂದ ಕ್ಯಾನ್ಸರ್ ವಾಸಿಯಾಗುವದೇ? ಬೆಂಗಳೂರು, ಪುಣೆಗಳಲ್ಲಿ ನೌಕರಿಯಲ್ಲಿರುವ ನಮ್ಮ ಪ್ರಸಾದ ನಿಲಯದ ಹಳೆಯ ವಿದ್ಯಾರ್ಥಿಗಳು ಊರಿನಲ್ಲಿರುವ ತಂದೆತಾಯಿಗಳಿಗೆ ಈ ಪುಡಿಯ ಡಬ್ಬಿಗಳನ್ನು ಪ್ರೀತಿಯಿಂದ ಕಳಿಸುತ್ತಿದ್ದಾರೆ. ಒಬ್ಬರಿಂದ ಒಬ್ಬರಿಗೆ ಸರಪಳಿಯಂತೆ ಮಾರುವ ಕಂಪನಿಗಳವರು ನವಲಗುಂದ, ಅಣ್ಣಿಗೇರಿ, ಕುಂದಗೋಳದ ಹಳ್ಳಿಗಳವರೆಗೂ ಬಂದಿದ್ದಾರೆ.

ನಮ್ಮ ಗ್ರಾಮೀಣ ಭಾಗದಲ್ಲಿ ಎಷ್ಟೋ ಜನರು ವೈದ್ಯರನ್ನು ಕೇಳುವ ಮೊದಲು ಮಠವನ್ನು ಕೇಳುತ್ತಾರೆ. ಇದು ಅವರ ವಿಶ್ವಾಸ. ಆದರೆ ಆ ವಿಶ್ವಾಸದೊಡನೆ ಒಂದು ಹೊಣೆಯೂ ಬರುತ್ತದೆ. ಪೀಠದಲ್ಲಿ ಕುಳಿತವರು ತಲೆಯಾಡಿಸಿದರೆ ಸಾಕು, ಅದನ್ನೇ ಅಪ್ಪಣೆಯೆಂದು ತಿಳಿಯುವ ಭಕ್ತರಿದ್ದಾರೆ. ಆದುದರಿಂದ ಈ ವಿಷಯದಲ್ಲಿ ಶಾಸ್ತ್ರವೇನು ಹೇಳುತ್ತದೆ, ಇಂದಿನ ವಿಜ್ಞಾನವೇನು ಹೇಳುತ್ತದೆ ಎಂಬುದನ್ನು ಓದಿ, ತಿಳಿದವರನ್ನು ವಿಚಾರಿಸಿ, ನಮಗೆ ನಿಶ್ಚಯವೆನಿಸಿದಷ್ಟನ್ನು ಇಲ್ಲಿ ನಿವೇದಿಸುತ್ತಿದ್ದೇವೆ.

ಅಣಬೆ ನಮಗೆ ಹೊಸತಲ್ಲ. ಕಲಘಟಗಿಯ ಕಾಡಂಚಿನ ಊರುಗಳಲ್ಲಿ ಮುಂಗಾರಿನ ಮಳೆ ಹಿಡಿದೊಡನೆ ಹುತ್ತದ ಸುತ್ತ ಬಿಳಿಯ ಕೊಡೆಗಳು ಏಳುತ್ತವೆ. ಗೆದ್ದಲುಗಳು ಹುತ್ತದೊಳಗೆ ತಮ್ಮ ಆಹಾರಕ್ಕಾಗಿ ಸಾಕಿಕೊಂಡ ಶಿಲೀಂಧ್ರವೇ ಹೀಗೆ ಹೊರಗೆ ತಲೆಯೆತ್ತುತ್ತದೆ. ನವಲಗುಂದ, ಅಣ್ಣಿಗೇರಿಯ ಎರೆನೆಲದಲ್ಲಿ ಇದು ಅಪರೂಪ. ಅಲ್ಲಿ ನಾಯಿಕೊಡೆಯೆಂದರೆ ಹುಡುಗರು ಕಾಲಿನಿಂದ ಒದ್ದು ಹೋಗುವ ವಸ್ತು. ನಮ್ಮ ಬಹುಪಾಲು ಮನೆಗಳಲ್ಲಿ ಅಣಬೆಗೆ ಅಡುಗೆಮನೆಯ ಪ್ರವೇಶವಿರಲಿಲ್ಲ. ಅದನ್ನು ಮಾಂಸಕ್ಕೆ ಸಮಾನವೆಂದು ದೂರವಿಟ್ಟವರು ಇಂದಿಗೂ ಇದ್ದಾರೆ. ಮನುಸ್ಮೃತಿಯು ಕವಕವನ್ನು, ಅಂದರೆ ಅಣಬೆಯನ್ನು, ನಿಷೇಧಿಸಿದೆ ನಿಜ. ಆದರೆ ಅದೇ ಸಾಲಿನಲ್ಲಿ ಬೆಳ್ಳುಳ್ಳಿಯನ್ನೂ ಉಳ್ಳಾಗಡ್ಡಿಯನ್ನೂ ನಿಷೇಧಿಸಿದೆ. ಉಳ್ಳಾಗಡ್ಡಿಯಿಲ್ಲದೆ ರೊಟ್ಟಿಯೂಟ ಮಾಡದ ನಾವು ಅಣಬೆಯೊಂದಕ್ಕೆ ಆ ಶಾಸನವನ್ನು ಅನ್ವಯಿಸುವದು ಎಷ್ಟು ಯುಕ್ತವೆಂಬುದನ್ನು ವಾಚಕರೇ ವಿಚಾರಿಸಬೇಕು. ವಿಜ್ಞಾನದ ದೃಷ್ಟಿಯಿಂದ ಅಣಬೆಯು ಸಸ್ಯವೂ ಅಲ್ಲ, ಪ್ರಾಣಿಯೂ ಅಲ್ಲ. ಶಿಲೀಂಧ್ರಗಳದ್ದು ಪ್ರತ್ಯೇಕವಾದೊಂದು ಸಾಮ್ರಾಜ್ಯ. ತಿನ್ನಲೊಲ್ಲದವರು ತಿನ್ನದಿರಲಿ; ತಿನ್ನುವವರನ್ನು ಹೀನವಾಗಿ ಕಾಣುವದು ಮಾತ್ರ ಸಲ್ಲದು.

ಆಯುರ್ವೇದದ ಆಚಾರ್ಯರು ಅಣಬೆಯನ್ನು ಕಡೆಗಣಿಸಿಲ್ಲ. ಸುಶ್ರುತಸಂಹಿತೆಯು ಹುಲ್ಲಿನಲ್ಲಿ, ಕಬ್ಬಿನ ಸಿಪ್ಪೆಯಲ್ಲಿ, ಸಗಣಿಯಲ್ಲಿ, ಬಿದಿರಿನಲ್ಲಿ, ನೆಲದಲ್ಲಿ ಹುಟ್ಟುವವೆಂದು ಅವುಗಳನ್ನು ವಿಂಗಡಿಸಿ, ಹುಲ್ಲಿನಲ್ಲಿ ಹುಟ್ಟಿದ್ದನ್ನು ಮಧುರವೆಂದೂ ದೋಷಶಾಮಕವೆಂದೂ ಹೇಳಿದೆ. ಚರಕಸಂಹಿತೆಯು ಸರ್ಪಚ್ಛತ್ರಕವೆಂಬ ಜಾತಿಯನ್ನು ವರ್ಜ್ಯವೆಂದು ತಿಳಿಸಿ, ಉಳಿದವು ಮಧುರ, ಶೀತ ಹಾಗೂ ಜೀರ್ಣಕ್ಕೆ ಜಡವಾದವು, ನೆಗಡಿಯನ್ನು ತರುವಂಥವು ಎಂದು ಎಚ್ಚರಿಸಿದೆ. ಇವೆರಡೂ ಮಾತುಗಳು ಬರುವದು ಶಾಕವರ್ಗದಲ್ಲಿ, ಎಂದರೆ ಕಾಯಿಪಲ್ಲೆಗಳ ಪ್ರಕರಣದಲ್ಲಿ ಎಂಬುದನ್ನು ವಾಚಕರು ಗಮನಿಸಬೇಕು. ಆಚಾರ್ಯರು ಅಣಬೆಯನ್ನು ಆಹಾರವೆಂದು ಪರಿಗಣಿಸಿ ಅದರ ಗುಣದೋಷಗಳನ್ನು ಹೇಳಿದರು. ಗಂಟುಗಡ್ಡೆಗಳ ರೋಗವಾದ ಅರ್ಬುದವನ್ನು ಸುಶ್ರುತನು ಬೇರೆಯೇ ಸ್ಥಳದಲ್ಲಿ ವಿವರಿಸಿದ್ದಾನೆ.

ವಿಷಯ ಬರಿಯ ಶಾಸ್ತ್ರಚರ್ಚೆಯದಾಗಿದ್ದರೆ ನಾವು ಇಷ್ಟು ಬರೆಯುತ್ತಿರಲಿಲ್ಲ. ಕುಂದಗೋಳ ತಾಲೂಕಿನ ಒಂದು ಹಳ್ಳಿಯಲ್ಲಿ ನಿವೃತ್ತ ಶಾಲಾ ಮಾಸ್ತರರೊಬ್ಬರಿದ್ದರು. ನಮ್ಮ ಪ್ರಸಾದ ನಿಲಯದಲ್ಲಿಯೇ ಉಂಡು ಓದಿದವರು. ಅವರ ಗಲ್ಲದ ಒಳಭಾಗದಲ್ಲಿ ಒಂದು ಹುಣ್ಣಾಗಿ ತಿಂಗಳಾದರೂ ಮಾಯಲಿಲ್ಲ. ಹುಬ್ಬಳ್ಳಿಯ ವೈದ್ಯರು ತುಣುಕು ತೆಗೆದು ಪರೀಕ್ಷಿಸಿ, ರೋಗವಿನ್ನೂ ಚಿಕ್ಕದಿದೆ, ಶಸ್ತ್ರಚಿಕಿತ್ಸೆ ಮಾಡಿಸಿಕೊಳ್ಳಿರೆಂದು ಹೇಳಿದರಂತೆ. ಮುಖ ವಿಕಾರವಾದೀತೆಂದು ಮಾಸ್ತರರು ಅಂಜಿದರು. ಆ ಹೊತ್ತಿಗೆ ಬೀಗರ ಪೈಕಿ ಒಬ್ಬರು ಅಣಬೆಯ ಪುಡಿಯನ್ನು ತಂದುಕೊಟ್ಟರು. ಎಂಟು ತಿಂಗಳು ಅದನ್ನೇ ನಂಬಿದರು. ಮರಳಿ ದವಾಖಾನೆಗೆ ಹೋದಾಗ ರೋಗವು ಕೊರಳಿನ ಗ್ರಂಥಿಗಳಿಗೆ ಇಳಿದಿತ್ತು. ಅವರು ಲಿಂಗೈಕ್ಯರಾದ ಮೇಲೆ ಅವರ ಧರ್ಮಪತ್ನಿ ಉಳಿದಿದ್ದ ನಾಲ್ಕು ಡಬ್ಬಿಗಳನ್ನು ಚೀಲದಲ್ಲಿ ತಂದು ಮಠದ ಕಟ್ಟೆಯ ಮೇಲಿಟ್ಟು, “ಇವನ್ನೇನ್ ಮಾಡ್ಲಿ ಅಜ್ಜಾರ? ತುಟ್ಟಿ ಅದಾವು, ಚೆಲ್ಲಾಕ ಮನಸ್ಸಾಗವಲ್ದು” ಎಂದರು. ಆ ತಾಯಿಗೆ ಕೊಡಲು ನಮ್ಮಲ್ಲಿ ಉತ್ತರವಿರಲಿಲ್ಲ. ಈ ಲೇಖನವನ್ನು ಬರೆಯಬೇಕೆಂಬ ಸಂಕಲ್ಪ ಅಂದೇ ಹುಟ್ಟಿತು.

ಹಾಗಾದರೆ ಅಣಬೆಯಲ್ಲಿ ಸತ್ವವೇ ಇಲ್ಲವೇ? ಇದೆ. ಅದನ್ನು ಅಲ್ಲಗಳೆಯುವದೂ ಅನ್ಯಾಯವೇ. ಅಣಬೆಯ ಜೀವಕೋಶಗಳ ಗೋಡೆಯಲ್ಲಿ ಬೀಟಾ ಗ್ಲುಕನ್ ಎಂಬ ಒಂದು ಬಗೆಯ ಶರ್ಕರ ಸರಪಳಿಯಿದೆ. ನಮ್ಮ ರಕ್ತದಲ್ಲಿ ರೋಗಾಣುಗಳನ್ನು ನುಂಗುವ ಕಾವಲು ಕಣಗಳಿವೆಯಷ್ಟೆ. ಆ ಕಣಗಳ ಮೈಮೇಲೆ ಈ ಸರಪಳಿಯನ್ನು ಗುರುತಿಸುವ ಗ್ರಾಹಕಗಳಿವೆ. ಶಿಲೀಂಧ್ರವು ಒಳಗೆ ಬಂದಿತೆಂದು ತಿಳಿದು ಆ ಕಣಗಳು ಎಚ್ಚರಗೊಳ್ಳುತ್ತವೆ. ಶಕ್ತಿ ಹೆಚ್ಚುತ್ತದೆ ಎಂಬ ಮಾತಿನ ಹಿಂದಿರುವ ಸತ್ಯ ಇಷ್ಟು.

ಜಪಾನಿನ ವಿಜ್ಞಾನಿಗಳು ಈ ದಾರಿಯಲ್ಲಿ ಬಹಳ ದೂರ ನಡೆದರು. ಗೋರೋ ಚಿಹಾರಾ ಎಂಬವರೂ ಅವರ ಸಂಗಡಿಗರೂ ಶಿಟಾಕೆ ಎಂಬ ಅಣಬೆಯಿಂದ ಲೆಂಟಿನಾನ್ ಎಂಬ ದ್ರವ್ಯವನ್ನು ಬೇರ್ಪಡಿಸಿ, ಅದು ಇಲಿಗಳಲ್ಲಿ ಗಡ್ಡೆಗಳನ್ನು ಕುಗ್ಗಿಸಿತೆಂದು 1969ರಲ್ಲಿ ಪ್ರಕಟಿಸಿದರು. ಮರದ ಕೊರಡಿನ ಮೇಲೆ ಬಣ್ಣಬಣ್ಣದ ಪಟ್ಟೆಗಳಾಗಿ ಬೆಳೆಯುವ ಇನ್ನೊಂದು ಅಣಬೆಯಿಂದ ತಯಾರಿಸಿದ ಕ್ರೆಸ್ಟಿನ್ ಎಂಬ ಔಷಧಕ್ಕೆ ಆ ದೇಶದ ಸರಕಾರವು 1977ರಲ್ಲಿಯೂ, ಲೆಂಟಿನಾನಿಗೆ 1985ರಲ್ಲಿಯೂ ಅನುಮತಿಯಿತ್ತಿತು. ಮಾರುವವರು ಇಷ್ಟನ್ನು ಹೇಳಿ ಮಾತು ನಿಲ್ಲಿಸುತ್ತಾರೆ. ಮುಂದಿನ ಮಾತನ್ನು ನಾವು ಹೇಳಬೇಕಾಗಿದೆ. ಜಪಾನಿನ ವೈದ್ಯರು ಇವನ್ನು ಶಸ್ತ್ರಚಿಕಿತ್ಸೆ ಹಾಗೂ ಕಿಮೋಥೆರಪಿಗಳ ಜೊತೆಗೆ ಸಹಾಯಕವಾಗಿ ಕೊಟ್ಟರು. ಚಿಕಿತ್ಸೆಯನ್ನು ಬಿಡಿಸಿ ಅದರ ಸ್ಥಾನದಲ್ಲಿ ಇವನ್ನು ಕೊಡಲಿಲ್ಲ. ಲೆಂಟಿನಾನಂತೂ ಶುದ್ಧೀಕರಿಸಿ ಸೂಜಿಯ ಮೂಲಕ ಕೊಡುವ ಔಷಧ. ಚಮಚದಿಂದ ಹಾಲಿನಲ್ಲಿ ಕದಡಿ ಕುಡಿಯುವ ಪುಡಿಯಲ್ಲ.

ನಮ್ಮಲ್ಲಿ ಅತಿ ಹೆಚ್ಚು ಪ್ರಚಾರದಲ್ಲಿರುವದು ಗ್ಯಾನೋಡರ್ಮಾ ಎಂಬ, ಕೆಂಪು ಅರಗು ಬಳಿದಂತೆ ಹೊಳೆಯುವ ಗಟ್ಟಿ ಅಣಬೆ. ಚೀನ, ಜಪಾನುಗಳಲ್ಲಿ ಅದಕ್ಕೆ ಪುರಾತನ ಕೀರ್ತಿಯಿದೆ. ಅದನ್ನು ಕ್ಯಾನ್ಸರ್ ರೋಗಿಗಳಿಗೆ ಕೊಟ್ಟು ಮಾಡಿದ ಪ್ರಯೋಗಗಳನ್ನು ಕಾಕ್ರೇನ್ ಎಂಬ ಅಂತರರಾಷ್ಟ್ರೀಯ ಸಂಸ್ಥೆಯು 2016ರಲ್ಲಿ ತೂಗಿ ನೋಡಿತು. ಒಪ್ಪಬಹುದಾದ ಪ್ರಯೋಗಗಳು ದೊರೆತದ್ದು ಐದು. ಅವುಗಳಲ್ಲಿದ್ದ ರೋಗಿಗಳು ಎಲ್ಲ ಸೇರಿ 373 ಜನ. ಕಿಮೋಥೆರಪಿ ಅಥವಾ ವಿಕಿರಣ ಚಿಕಿತ್ಸೆಯೊಡನೆ ಇದನ್ನೂ ತೆಗೆದುಕೊಂಡವರಲ್ಲಿ ಚಿಕಿತ್ಸೆಗೆ ಸ್ಪಂದನ ತುಸು ಹೆಚ್ಚು ಕಂಡಿತು. ಆದರೆ ಅದನ್ನೇ ಮೊದಲ ಚಿಕಿತ್ಸೆಯಾಗಿ ಬಳಸಲು ಆಧಾರ ಸಾಲದೆಂದೂ, ರೋಗಿಗಳು ಹೆಚ್ಚು ಕಾಲ ಬದುಕಿದರೆಂಬುದಕ್ಕೆ ಸಾಕ್ಷ್ಯವಿಲ್ಲವೆಂದೂ ಆ ಸಂಸ್ಥೆ ತೀರ್ಮಾನಿಸಿತು. ಇನ್ನು ಊಟದ ಅಣಬೆಯ ಮಾತು. ಜಪಾನಿನ 36,499 ಗಂಡಸರ ಆಹಾರವನ್ನು ಅನೇಕ ವರುಷ ಗಮನಿಸಿ 2020ರಲ್ಲಿ ಪ್ರಕಟಿಸಿದ ಅಧ್ಯಯನವೊಂದರಲ್ಲಿ, ವಾರಕ್ಕೆ ಮೂರು ಸಲವಾದರೂ ಅಣಬೆ ಉಣ್ಣುವವರಿಗೆ ಪ್ರಾಸ್ಟೇಟ್ ಗ್ರಂಥಿಯ ಕ್ಯಾನ್ಸರ್ ಬರುವ ಸಂಭವ, ವಾರಕ್ಕೆ ಒಂದು ಸಲಕ್ಕಿಂತಲೂ ಕಡಿಮೆ ಉಣ್ಣುವವರಿಗಿಂತ ಶೇ. 17ರಷ್ಟು ಕಡಿಮೆಯೆಂದು ಕಂಡಿತು. ಇದು ರೋಗ ಬರುವ ಮೊದಲಿನ ಆಹಾರದ ಮಾತು. ಬಂದ ರೋಗವನ್ನು ಕಳೆಯುವ ಮಾತಲ್ಲ.

ಈ ಗ್ಯಾನೋಡರ್ಮಾವನ್ನು ನಮ್ಮ ರೈತರು ಮೊದಲಿನಿಂದಲೂ ಬಲ್ಲರು. ಅಡಿಕೆ ಗಿಡದ ಬುಡಕ್ಕೆ ಹತ್ತಿ ಗಿಡವನ್ನೇ ಒಣಗಿಸುವ ರೋಗವನ್ನು ತೋಟಿಗರು ಅಣಬೆ ರೋಗವೆಂದು ಕರೆಯುತ್ತಾರೆ. ಆ ರೋಗಕ್ಕೆ ಕಾರಣ ಇದೇ ಕುಲದ ಅಣಬೆ. ತೋಟಿಗನಿಗೆ ಶತ್ರುವಾದದ್ದು ಮನುಷ್ಯನಿಗೆ ಗುಣಕಾರಿಯಾಗಬಾರದೆಂದೇನೂ ಇಲ್ಲ. ಆದರೆ ಅಮೃತವೆಂಬ ಹೆಸರು ವಸ್ತುವಿಗೆ ಹುಟ್ಟಿನಿಂದ ಬಂದದ್ದಲ್ಲ, ಮಾರುವವರು ಇಟ್ಟದ್ದು ಎಂಬುದನ್ನು ನೆನಪಿಡಬೇಕು.

ನಿಸರ್ಗದಲ್ಲಿ ಔಷಧವಿಲ್ಲವೆಂದು ನಮ್ಮ ಅಭಿಪ್ರಾಯವಲ್ಲ. ನಿಮ್ಮ ಅಂಗಳದಲ್ಲಿ ಬೆಳೆದಿರುವ ಕಾಶಿಕಣಗಿಲೆಯನ್ನು ನೋಡಿರಿ. ಅದರಿಂದ ತೆಗೆದ ವಿನ್‌ಕ್ರಿಸ್ಟೀನ್ ಎಂಬ ಔಷಧಕ್ಕೆ ಅಮೇರಿಕೆಯಲ್ಲಿ 1963ರಲ್ಲಿ ಅನುಮತಿ ದೊರೆಯಿತು. ಮಕ್ಕಳ ರಕ್ತದ ಕ್ಯಾನ್ಸರಿಗೆ ಇಂದಿಗೂ ಅದನ್ನು ಕೊಡುತ್ತಾರೆ. ಹಾಗೆಂದು ಕಾಶಿಕಣಗಿಲೆಯ ಎಲೆಯನ್ನು ಅರೆದು ಕುಡಿಸಿದರೆ ಮಗು ಗುಣವಾಗದು, ವಿಷವೇರೀತು. ಗಿಡದಿಂದ ಸಾರವನ್ನು ಬೇರ್ಪಡಿಸಿ, ಪ್ರಮಾಣ ನಿಶ್ಚಯಿಸಿ, ರೋಗಿಗಳಲ್ಲಿ ಪರೀಕ್ಷಿಸಿದ ಮೇಲೆ ಅದು ಔಷಧವಾಯಿತು. ಶಿಲೀಂಧ್ರಗಳಿಂದ ಬಂದ ಔಷಧಗಳೂ ಉಂಟು. ಪೆನಿಸಿಲಿನ್ ಬಂದದ್ದು ಬೂಷ್ಟಿನಿಂದ. ಮೂತ್ರಪಿಂಡದ ಕಸಿ ಮಾಡಿದಾಗ ಕೊಡುವ ಸೈಕ್ಲೋಸ್ಪೋರಿನ್ ಕೂಡ ಶಿಲೀಂಧ್ರದಿಂದಲೇ ಬಂದದ್ದು. ಅದರ ಕೆಲಸವೋ ರೋಗನಿರೋಧಕ ಶಕ್ತಿಯನ್ನು ಅಡಗಿಸುವದು! ಶಿಲೀಂಧ್ರವೆಂದೊಡನೆ ಶಕ್ತಿ ಹೆಚ್ಚಿಸುವದೆಂಬ ತಿಳಿವಳಿಕೆ ಎಷ್ಟು ಪೊಳ್ಳೆಂಬುದಕ್ಕೆ ಈ ಒಂದು ಉದಾಹರಣೆ ಸಾಕು. ಶಕ್ತಿಯನ್ನು ಹೆಚ್ಚಿಸುವದು ಎಲ್ಲರಿಗೂ ಹಿತವೆಂದೂ ತಿಳಿಯಬೇಡಿರಿ. ಕಸಿ ಮಾಡಿಸಿಕೊಂಡವರಿಗೆ ಅದೇ ಅಪಾಯ.

ಅಪಾಯಗಳನ್ನೂ ಹೇಳಿಬಿಡುವೆವು. ಗ್ಯಾನೋಡರ್ಮಾ ರಕ್ತ ಹೆಪ್ಪುಗಟ್ಟುವದನ್ನು ನಿಧಾನಿಸಬಲ್ಲದು. ಹೃದ್ರೋಗಕ್ಕಾಗಿ ರಕ್ತ ತೆಳುವಾಗಿಸುವ ಗುಳಿಗೆ ನುಂಗುವವರೂ ಶಸ್ತ್ರಚಿಕಿತ್ಸೆ ಎದುರಿಗಿರುವವರೂ ಅದರಿಂದ ದೂರವಿರಬೇಕು. ಅದರ ಪುಡಿಯಿಂದ ಯಕೃತ್ತಿಗೆ ಧಕ್ಕೆಯಾದ ಪ್ರಸಂಗಗಳು ವೈದ್ಯಕೀಯ ಪತ್ರಿಕೆಗಳಲ್ಲಿ ದಾಖಲಾಗಿವೆ. ಕಾಡಿನ ಅಣಬೆಯನ್ನು ಗುರುತು ಬಲ್ಲವರಲ್ಲದೆ ಬೇರೆಯವರು ಮುಟ್ಟಲೇಬಾರದು. 2022ರ ಏಪ್ರಿಲ್ ತಿಂಗಳಲ್ಲಿ ಅಸ್ಸಾಮಿನಲ್ಲಿ ವಿಷದ ಅಣಬೆ ತಿಂದು 13 ಜನರು ಸತ್ತರು. ಅತ್ಯಂತ ಘಾತುಕವಾದ ಜಾತಿಗಳ ವಿಷವು ತಿಂದ ಆರು ತಾಸು ಕಳೆದ ಮೇಲೆಯೇ, ಕೆಲವೊಮ್ಮೆ ಮರುದಿನವೇ, ತನ್ನ ಲಕ್ಷಣ ತೋರಿಸುತ್ತದೆ. ಅಷ್ಟರಲ್ಲಿ ಯಕೃತ್ತು ಕೆಡಲಾರಂಭಿಸಿರುತ್ತದೆ. ಬೆಳ್ಳಿಯ ನಾಣ್ಯ ಹಾಕಿ ಕುದಿಸಿದರೆ ವಿಷ ತಿಳಿಯುವದೆಂಬುದು ಸುಳ್ಳು. ಕುದಿಸಿದರೆ ವಿಷ ಹೋಗುವದೆಂಬುದೂ ಸುಳ್ಳು.

ಇವೆಲ್ಲಕ್ಕೂ ಮಿಗಿಲಾದ ಅಪಾಯ ಕಾಲಹರಣ. ಅಮೇರಿಕೆಯ ಯೇಲ್ ವಿಶ್ವವಿದ್ಯಾಲಯದ ವೈದ್ಯರು 2018ರಲ್ಲಿ ಪ್ರಕಟಿಸಿದ ಒಂದು ಅಧ್ಯಯನವನ್ನು ಓದಿ ನಾವು ಬಹಳ ಹೊತ್ತು ಚಿಂತಿಸಿದೆವು. ರೋಗವು ದೂರದ ಅಂಗಗಳಿಗೆ ಹರಡುವ ಮೊದಲೇ ವೈದ್ಯರ ಚಿಕಿತ್ಸೆಯನ್ನು ಬಿಟ್ಟು ಪರ್ಯಾಯ ಉಪಾಯಗಳನ್ನಷ್ಟೇ ನಂಬಿದವರು, ಚಿಕಿತ್ಸೆ ಪಡೆದವರಿಗಿಂತ ಸಾಯುವ ಸಂಭವ ಎರಡೂವರೆ ಪಟ್ಟು ಹೆಚ್ಚಾಗಿತ್ತು. ಸ್ತನದ ಕ್ಯಾನ್ಸರಿನಲ್ಲಿ ಅದು ಐದು ಪಟ್ಟಿಗೂ ಮಿಕ್ಕಿತ್ತು. ಪುಡಿಯಲ್ಲಿ ವಿಷವಿಲ್ಲದಿದ್ದರೂ ಅದು ಕಳೆಯುವ ತಿಂಗಳುಗಳಲ್ಲಿ ವಿಷವಿದೆ.

ನವಲಗುಂದ ತಾಲೂಕಿನ ಒಬ್ಬ ಹೆಣ್ಣುಮಗಳು ಮಗನೊಡನೆ ನಮ್ಮಲ್ಲಿಗೆ ಬಂದದ್ದು ಮಾಸ್ತರರ ಘಟನೆಯ ಕೆಲವು ತಿಂಗಳ ಮೇಲೆ. ಎದೆಯಲ್ಲಿ ಗಂಟು. ಕೈಯಲ್ಲಿ ಅದೇ ಬಗೆಯ ಡಬ್ಬಿ. ತಿಂಗಳಿಗೆ 7,000 ರೂಪಾಯಿಯ ಲೆಕ್ಕ. ಕಡಲೆ ಮಾರಿದ ಹಣದಲ್ಲಿ ಮಗ ಕೊಂಡಿದ್ದ. “ಅಜ್ಜಾರ, ನೀವು ಹೂಂ ಅಂದ್ರ ಇದನ್ನ ತಗೋತೇನ್ರಿ. ದವಾಖಾನಿಗಿ ಹೋದ್ರ ಕೊಯ್ತಾರಂತ” ಎಂದಳು.

“ತಂಗೀ, ಇದಕ್ಕ ನಾವು ಹೂಂ ಅನ್ನಾಕ ಆಗೂದಿಲ್ಲ. ನಾಳಿನ ಬಸ್ಸಿಗೆ ಹುಬ್ಬಳ್ಳಿಗೆ ಹೋಗು. ಡಾಕ್ಟರು ಏನಂದ್ರು ಅನ್ನೂದನ್ನ ಬಂದು ಹೇಳು” ಎಂದೆವು.

“ಹಂಗಾರ ಇದನ್ನ ಚೆಲ್ಲಲೇನ್ರಿ?”

“ಅದನ್ನೂ ಒಯ್ದು ಡಾಕ್ಟರಿಗೆ ತೋರಸು. ಮುಚ್ಚಿಡಬ್ಯಾಡ.”

ಮರುದಿನ ಮಠದ ಶಾಲೆಯ ಶಿಕ್ಷಕಿಯೊಬ್ಬರು ಅವಳ ಜೊತೆಗೆ ಹೋದರು. ಶಸ್ತ್ರಚಿಕಿತ್ಸೆಯಾಯಿತು, ಕಿಮೋಥೆರಪಿಯಾಯಿತು. ಕೂದಲುದುರಿದ ತಲೆಗೆ ಸೆರಗು ಹೊದ್ದು ಆಕೆ ಶ್ರಾವಣದಲ್ಲಿ ಪ್ರವಚನಕ್ಕೆ ಬಂದು ಕುಳಿತಳು. ವೈದ್ಯರು ಇನ್ನೂ ನಿಗದಿತ ತಿಂಗಳಿಗೊಮ್ಮೆ ಕರೆದು ಪರೀಕ್ಷಿಸುತ್ತಿದ್ದಾರೆ. ಇದಕ್ಕೆ ನಮ್ಮ ಆಶೀರ್ವಾದವೇ ಕಾರಣವೆಂದು ಅವಳ ಮಗ ಊರಲ್ಲಿ ಹೇಳುತ್ತಾನಂತೆ. ಹಾಗಲ್ಲ, ಅವಳು ಹೊತ್ತಿಗೆ ಸರಿಯಾಗಿ ಬಸ್ಸು ಹತ್ತಿದ್ದು ಕಾರಣ.

ಅಣಬೆಯ ಸ್ಥಾನ ಯಾವುದೆಂಬುದನ್ನು ಈಗ ಹೇಳಬಹುದು. ನಮ್ಮ ಹಿರಿಯರು ಔಷಧ ಮತ್ತು ಪಥ್ಯ ಎಂಬ ಎರಡು ಮಾತುಗಳನ್ನು ಬೇರೆಬೇರೆಯಾಗಿ ಇಟ್ಟಿದ್ದಾರೆ. ಔಷಧವು ರೋಗವನ್ನು ಎದುರಿಸುತ್ತದೆ, ಪಥ್ಯವು ಔಷಧ ನಡೆಯುವ ದಾರಿಯನ್ನು ಸುಗಮಗೊಳಿಸುತ್ತದೆ. ಅಣಬೆ ಒಳ್ಳೆಯ ಪಥ್ಯವಾಗಬಲ್ಲದು. ಹಸಿ ಅಣಬೆಯಲ್ಲಿ ನೂರಕ್ಕೆ ತೊಂಬತ್ತು ಪಾಲು ನೀರೇ ಇದ್ದರೂ, ಉಳಿದ ಭಾಗದಲ್ಲಿ ಸಸಾರಜನಕ ಚೆನ್ನಾಗಿದೆ, ನಾರಿನ ಅಂಶವಿದೆ, ಕೊಬ್ಬು ಅತ್ಯಲ್ಪ. ಅಣಬೆಯನ್ನು ಹೋಳುಮಾಡಿ ಸ್ವಲ್ಪ ಹೊತ್ತು ಬಿಸಿಲಿಗಿಟ್ಟರೆ ಅದರಲ್ಲಿರುವ ಎರ್ಗೋಸ್ಟೆರಾಲ್ ಎಂಬ ದ್ರವ್ಯವು ಡಿ ಜೀವಸತ್ವವಾಗಿ ಮಾರ್ಪಡುತ್ತದೆ. ಮಾಂಸಾಹಾರವಿಲ್ಲದ ನಮ್ಮ ಮನೆಗಳಿಗೆ ಇದು ಸಣ್ಣ ಲಾಭವಲ್ಲ. ಅದನ್ನು ಚೆನ್ನಾಗಿ ಬೇಯಿಸಿಯೇ ಉಣ್ಣಬೇಕು. ಹಸಿಯದು ಜೀರ್ಣವಾಗುವದು ಕಷ್ಟ. ಶಿಟಾಕೆಯನ್ನು ಹಸಿಯಾಗಿ ತಿಂದರೆ ಕೆಲವರ ಮೈಮೇಲೆ ಬಾಸುಂಡೆಯಂಥ ಗೆರೆಗಳು ಏಳುತ್ತವೆ. ಕಿಮೋಥೆರಪಿ ನಡೆದಾಗ ರಕ್ತದ ಬಿಳಿಕಣಗಳು ಇಳಿಯುವದರಿಂದ ಯಾವುದನ್ನೂ ವೈದ್ಯರನ್ನು ಕೇಳಿಯೇ ಉಣ್ಣತಕ್ಕದ್ದು.

ಅಣಬೆಗಾಗಿ ಸಾವಿರಾರು ರೂಪಾಯಿ ಬೇಕಿಲ್ಲ. ಚಿಪ್ಪು ಅಣಬೆಯನ್ನು ಭತ್ತದ ಹುಲ್ಲಿನಲ್ಲಿ, ಜೋಳದ ಕಣಕಿಯಲ್ಲಿ ಬೆಳೆಯಬಹುದು. ಹುಲ್ಲನ್ನು ಚಿಕ್ಕದಾಗಿ ಕತ್ತರಿಸಿ ನೆನೆಸಿ, ಬಿಸಿನೀರಿನಲ್ಲಿ ಶುದ್ಧಿಮಾಡಿ, ಪ್ಲಾಸ್ಟಿಕ್ ಚೀಲದಲ್ಲಿ ಪದರುಪದರಾಗಿ ಅಣಬೆ ಬೀಜದೊಡನೆ ತುಂಬಿ ಕತ್ತಲೆಯ ಕೋಣೆಯಲ್ಲಿಟ್ಟರೆ ಹದಿನೈದಿಪ್ಪತ್ತು ದಿನಗಳಲ್ಲಿ ಬಿಳಿಯ ಎಳೆಗಳು ಹಬ್ಬುತ್ತವೆ. ಮುಂದೆ ಗಾಳಿ, ಬೆಳಕು, ತಂಪು ಕೊಟ್ಟರೆ ಕೆಲವೇ ದಿನಗಳಲ್ಲಿ ಮೊದಲ ಕೊಯ್ಲು. ಸುಶ್ರುತನು ಮೆಚ್ಚಿದ ಹುಲ್ಲಿನ ಅಣಬೆಯ ಬಳಗವೇ ಇದೆನ್ನಬಹುದು. ಬೀಜಕ್ಕೂ ತಿಳಿವಳಿಕೆಗೂ ಧಾರವಾಡದ ಕೃಷಿ ವಿಶ್ವವಿದ್ಯಾಲಯವನ್ನು ವಿಚಾರಿಸಬಹುದು. ನಮ್ಮ ಸ್ವಸಹಾಯ ಸಂಘಗಳ ತಾಯಂದಿರಿಗೆ ಇದೊಂದು ಒಳ್ಳೆಯ ಕಾಯಕವಾದೀತು.

ರೋಗದ ಮಾತು ಬಂದಾಗ ದಾರಿ ಬೇರೆ. ಬಾಯಿಯೊಳಗೆ ಮೂರು ವಾರಕ್ಕೂ ಮಾಯದ ಹುಣ್ಣು, ಬಿಳಿಯ ಅಥವಾ ಕೆಂಪು ಮಚ್ಚೆ, ಬಾಯಿ ಪೂರ್ಣ ತೆರೆಯಲಾಗದಿರುವದು, ಎದೆಯಲ್ಲಿ ಗಂಟು, ಕಾರಣವಿಲ್ಲದ ರಕ್ತಸ್ರಾವ ಇವುಗಳಲ್ಲಿ ಯಾವುದನ್ನು ಕಂಡರೂ ತಡಮಾಡಬೇಡಿರಿ. ಹುಬ್ಬಳ್ಳಿಯ ನವನಗರದಲ್ಲಿ ಕ್ಯಾನ್ಸರ್ ಆಸ್ಪತ್ರೆಯಿದೆ. ಜನರು ಇಂದಿಗೂ ಕೆ.ಎಂ.ಸಿ. ಎಂದೇ ಕರೆಯುವ, 1957ರಲ್ಲಿ ಆರಂಭವಾದ ವೈದ್ಯಕೀಯ ಕಾಲೇಜಿನ ಸರಕಾರಿ ಆಸ್ಪತ್ರೆಯಿದೆ. ಬೆಂಗಳೂರಿನಲ್ಲಿ ಕಿದ್ವಾಯಿ ಸಂಸ್ಥೆಯಿದೆ. 2018ರಲ್ಲಿ ಬಂದ ಆಯುಷ್ಮಾನ್ ಭಾರತ್ ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ಬಿ.ಪಿ.ಎಲ್. ಕುಟುಂಬಕ್ಕೆ ವರುಷಕ್ಕೆ 5 ಲಕ್ಷ ರೂಪಾಯಿಯವರೆಗೆ ಚಿಕಿತ್ಸೆಯ ನೆರವಿದೆ. ಕ್ಯಾನ್ಸರ್ ವಾಸಿಮಾಡುತ್ತೇವೆಂದು ಜಾಹೀರು ಮಾಡುವದು 1954ರ ಕೇಂದ್ರ ಕಾಯದೆಯಂತೆ ಅಪರಾಧವೆಂಬುದನ್ನೂ ತಿಳಿದಿರಿ. ಹಾಗೆ ಹೇಳುತ್ತ ಮನೆಬಾಗಿಲಿಗೆ ಬಂದವರಿಗೆ ಇದನ್ನು ತಿಳಿಸಿರಿ. ನಮ್ಮ ರಾಜ್ಯದಲ್ಲಿ 2013ರಲ್ಲಿಯೇ ಗುಟಖಾ ನಿಷೇಧವಾದರೂ ತಂಬಾಕಿನ ಚೀಟಿ ನಮ್ಮ ತರುಣರ ಜೇಬು ಬಿಟ್ಟಿಲ್ಲ. ಶಕ್ತಿಯ ಪುಡಿಗಾಗಿ ಹಣ ಕೂಡಿಸುವ ಮೊದಲು ಆ ಚೀಟಿಯನ್ನು ಬಿಡಿಸುವದು ಮನೆಯವರ ಮೊದಲ ಕೆಲಸ.

ಕೊನೆಯದಾಗಿ, ದೂರದ ಊರುಗಳಲ್ಲಿರುವ ನಮ್ಮ ಹಳೆಯ ವಿದ್ಯಾರ್ಥಿಗಳಲ್ಲಿ ಒಂದು ಮಾತು. ಹನ್ನೆರಡನೆಯ ಶತಮಾನದ ಶರಣರಲ್ಲಿ ವೈದ್ಯ ಸಂಗಣ್ಣನೆಂಬವನು ವೈದ್ಯವೃತ್ತಿಯನ್ನೇ ಕಾಯಕವಾಗಿ ನಡೆಸಿದನು. ವೈದ್ಯರಾಗದ ನಮಗೂ ನಿಮಗೂ ಮಾಡಬಹುದಾದ ಕೆಲಸವೊಂದಿದೆ. ವಿಕಿರಣ ಚಿಕಿತ್ಸೆಯೆಂದರೆ ವಾರಕ್ಕೆ ಐದು ದಿನದಂತೆ ಹಲವು ವಾರಗಳವರೆಗೆ ಆಸ್ಪತ್ರೆಗೆ ಹೋಗಿಬರಬೇಕು. ನವಲಗುಂದ, ಅಣ್ಣಿಗೇರಿಗಳ ಹಳ್ಳಿಗಳಿಂದ ಹುಬ್ಬಳ್ಳಿಗೆ 30-40 ಕಿಲೋಮೀಟರು. ಸುಗ್ಗಿಯ ದಿನಗಳಲ್ಲಿ ಮನೆಯವರಿಗೆ ಬಿಡುವಿಲ್ಲ, ರೋಗಿಗೆ ಒಬ್ಬರೇ ಹೋಗುವ ತ್ರಾಣವಿಲ್ಲ. ಎಷ್ಟೋ ಚಿಕಿತ್ಸೆಗಳು ನಡುವೆ ನಿಲ್ಲುವದು ಇದರಿಂದಲೇ. ಡಬ್ಬಿಗೆ ಕೊಡುವ ಹಣದಲ್ಲಿ ಒಬ್ಬ ರೋಗಿಯ ಮತ್ತು ಜೊತೆಗಾರನ ತಿಂಗಳ ಬಸ್ಸಿನ ಖರ್ಚೂ ಊಟದ ಖರ್ಚೂ ಸಾಗುತ್ತದೆ. ರಜೆಗೆ ಊರಿಗೆ ಬಂದಾಗ ಓಣಿಯಲ್ಲಿ ಯಾರಾದರೂ ಹೀಗಿದ್ದಾರೆಯೇ ಎಂದು ವಿಚಾರಿಸಿರಿ, ಒಂದು ದಿನ ಅವರ ಜೊತೆಗೆ ಆಸ್ಪತ್ರೆಗೆ ಹೋಗಿಬನ್ನಿರಿ. ಅಂಥವರ ಸಲುವಾಗಿ ಯಾರಾದರೂ ಬೇಕಾದಲ್ಲಿ ಶ್ರೀಮಠಕ್ಕೆ ತಿಳಿಸಿರಿ. ಜೊತೆಗೆ ಹೋಗುವವರನ್ನು ನಾವು ಗೊತ್ತುಮಾಡುವೆವು. ಎಲ್ಲರಿಗೂ ಆರೋಗ್ಯವೂ, ರೋಗ ಬಂದವರಿಗೆ ಹೊತ್ತಿಗೆ ಸರಿಯಾದ ಚಿಕಿತ್ಸೆಯೂ ದೊರೆಯಲೆಂದು ಹಾರೈಸುತ್ತೇವೆ.